ಟಮ್ಮಿ ಟಕ್‌ಗೆ ಮೂರು ಕಡೆ ಮೂರು ದರ: ಕೊನೆಗೆ ಕೈಯಿಂದ ಹೋಗುವ ಹಣ ನಿಜವಾಗಿ ಎಷ್ಟು?

ಮೈಸೂರು ಟೀಚರ್ (ಪ್ರಶ್ನೆ)

ಎಲ್ಲರಿಗೂ ನಮಸ್ಕಾರ. ನಾನು ಮೈಸೂರಿನ ಒಂದು ಖಾಸಗಿ ಪ್ರೌಢಶಾಲೆಯಲ್ಲಿ ಶಿಕ್ಷಕಿ, ವಯಸ್ಸು 41, ಇಬ್ಬರು ಮಕ್ಕಳ ತಾಯಿ. ಸಕ್ಕರೆ ಕಾಯಿಲೆ ಮತ್ತು ತೂಕ ಎರಡೂ ಮಿತಿ ಮೀರಿದ್ದರಿಂದ ಎರಡು ವರ್ಷಗಳ ಹಿಂದೆ ತೂಕ ಇಳಿಸುವ ಬೇರಿಯಾಟ್ರಿಕ್ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡೆ. 104 ಕಿಲೋ ಇದ್ದ ತೂಕ ಈಗ 67ಕ್ಕೆ ಇಳಿದು, ಕಳೆದ ಎಂಟು ತಿಂಗಳಿನಿಂದ ಅಲ್ಲಿಯೇ ನಿಂತಿದೆ. ಮೈ ಇಳಿದರೂ ಹೊಟ್ಟೆಯ ಚರ್ಮ ಇಳಿಯಲಿಲ್ಲ. ಸೀರೆಯ ನೆರಿಗೆ ಸಿಕ್ಕಿಸುವ ಜಾಗದಿಂದ ಕೆಳಕ್ಕೆ ಅದು ಚೀಲದಂತೆ ಜೋತುಬಿದ್ದಿದೆ. ಬೇಸಿಗೆ ಬಂತೆಂದರೆ ಆ ಮಡಿಕೆಯೊಳಗೆ ಬೆವರು ನಿಂತು, ಚರ್ಮ ಕೆಂಪಾಗಿ, ನವೆ ಹತ್ತಿ, ಪೌಡರು ಮತ್ತು ಮುಲಾಮು ಇಲ್ಲದೆ ಐದನೆಯ ಪೀರಿಯಡ್ ಮುಗಿಸುವುದು ಕಷ್ಟವಾಗುತ್ತದೆ.

ಈ ಜೋತ ಚರ್ಮವನ್ನು ಟಮ್ಮಿ ಟಕ್ ಎಂಬ ಶಸ್ತ್ರಚಿಕಿತ್ಸೆಯಿಂದ ತೆಗೆಸಬೇಕೆಂದು ಮೂರು ಕಡೆ ವಿಚಾರಿಸಿದ್ದೇನೆ. ಮೈಸೂರಿನ ಆಸ್ಪತ್ರೆಯೊಂದರಲ್ಲಿ 1,65,000 ರೂಪಾಯಿ, ಬೆಂಗಳೂರಿನ ದೊಡ್ಡ ಆಸ್ಪತ್ರೆಯಲ್ಲಿ 2,40,000 ರೂಪಾಯಿ, ಬೆಂಗಳೂರಿನದೇ ಒಂದು ಕಾಸ್ಮೆಟಿಕ್ ಕ್ಲಿನಿಕ್‌ನಲ್ಲಿ 'ಎಲ್ಲವೂ ಸೇರಿ' 1,10,000 ರೂಪಾಯಿ ಎಂದು ಹೇಳಿದ್ದಾರೆ. ಕ್ಲಿನಿಕ್‌ನವರು ಈ ತಿಂಗಳ ಕೊನೆಯೊಳಗೆ ಮುಂಗಡ ಕಟ್ಟಿದರೆ ಮಾತ್ರ ಈ ದರ ಎಂದು ದಿನಕ್ಕೆ ಎರಡು ಸಲ ಫೋನ್ ಮಾಡುತ್ತಿದ್ದಾರೆ. ನನ್ನ ಬಳಿ ಉಳಿತಾಯದ ಹಣ ಒಂದೂವರೆ ಲಕ್ಷ ಇದೆ, ಸೆಪ್ಟೆಂಬರ್‌ನಲ್ಲಿ ಒಂದು ಚೀಟಿಯ ಹಣವೂ ಬರುತ್ತದೆ.

ಒಂದೇ ಹೊಟ್ಟೆಗೆ ಮೂರು ದರ ಹೇಗೆ? ಇದರ ಮೇಲೆ ಇನ್ನೇನೇನು ಖರ್ಚು ಬರುತ್ತದೆ? ಬೇರಿಯಾಟ್ರಿಕ್ ಶಸ್ತ್ರಚಿಕಿತ್ಸೆಗೆ ಹಣ ಕೊಟ್ಟ ವಿಮಾ ಕಂಪನಿ ಇದಕ್ಕೂ ಕೊಡಬಹುದೇ? ಮಾಡಿಸಿಕೊಂಡವರು ದಯವಿಟ್ಟು ರೂಪಾಯಿ ಲೆಕ್ಕದಲ್ಲಿಯೇ ಹೇಳಬೇಕು. 'ಆರೋಗ್ಯಕ್ಕಿಂತ ಹಣ ದೊಡ್ಡದೇ' ಎಂಬ ಉಪದೇಶವನ್ನು ಮನೆಯಲ್ಲಿ ಸಾಕಷ್ಟು ಕೇಳಿದ್ದೇನೆ.

---

ತುಮಕೂರಿನವಳು

ಟೀಚರ್, ನಾನು ಎರಡನೆಯ ಸಿಸೇರಿಯನ್ ಆದ ಆರು ವರ್ಷಕ್ಕೆ ಬೆಂಗಳೂರಿನಲ್ಲಿ ಟಮ್ಮಿ ಟಕ್ ಮಾಡಿಸಿಕೊಂಡವಳು. ಡೈರಿಯಲ್ಲಿ ಬರೆದಿಟ್ಟ ಲೆಕ್ಕ ಇನ್ನೂ ಇದೆ, ಅದನ್ನೇ ನೋಡಿಕೊಂಡು ಬರೆಯುತ್ತಿದ್ದೇನೆ.

ನನಗೆ ಕೊಟ್ಟ ಎಸ್ಟಿಮೇಟ್ 1,85,000 ರೂಪಾಯಿ. ಅದರಲ್ಲಿ ಸರ್ಜನ್ ಶುಲ್ಕ, ಅರಿವಳಿಕೆ, ಥಿಯೇಟರ್ ಮತ್ತು ಒಂದು ರಾತ್ರಿಯ ಕೊಠಡಿ ಸೇರಿತ್ತು. ಕಾಗದದ ಕೆಳಗೆ ಸಣ್ಣ ಅಕ್ಷರದಲ್ಲಿ 'ತೆರಿಗೆ ಪ್ರತ್ಯೇಕ' ಎಂದು ಇದ್ದುದನ್ನು ನಾನು ಓದಿಯೇ ಇರಲಿಲ್ಲ. ಮುಂಗಡ ಕಟ್ಟುವ ದಿನ ಅದಕ್ಕೆ ಶೇಕಡಾ 18ರಂತೆ 33,300 ರೂಪಾಯಿ ಜಿಎಸ್‌ಟಿ ಸೇರಿತು. ಅದಕ್ಕೂ ಮುಂಚೆ ರಕ್ತಪರೀಕ್ಷೆ, ಇಸಿಜಿ, ಎಕೋ, ಹೊಟ್ಟೆಯ ಸ್ಕ್ಯಾನಿಂಗ್ ಎಂದು 6,800 ಖರ್ಚಾಗಿತ್ತು. ಆಪರೇಷನ್ ಆದ ಮರುದಿನ ತಲೆ ಸುತ್ತು ಬಂದು ಏಳಲಾಗಲಿಲ್ಲ, ಆದ್ದರಿಂದ ಎರಡನೆಯ ರಾತ್ರಿ ಉಳಿದದ್ದಕ್ಕೆ 7,500. ಕಾಲಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟದಂತೆ ಕೊಟ್ಟ ಇಂಜೆಕ್ಷನ್, ಆ್ಯಂಟಿಬಯಾಟಿಕ್ ಮತ್ತು ನೋವಿನ ಮಾತ್ರೆಗಳಿಗೆ ಒಟ್ಟು 8,200.

ಇನ್ನು ಬೆಲ್ಟಿನ ವಿಷಯ. ಹೊಟ್ಟೆಯನ್ನು ಒತ್ತಿ ಹಿಡಿಯುವ ಆ ಉಡುಪನ್ನು ಸ್ನಾನದ ಹೊತ್ತು ಬಿಟ್ಟರೆ ಆರು ವಾರ ಹಗಲೂ ರಾತ್ರಿ ಹಾಕಿಕೊಂಡಿರಬೇಕು. ಒಂದು ಸಾಲುತ್ತದೆ ಎಂದು ಹೇಳಿದ್ದರು. ಮೊದಲ ವಾರದಲ್ಲಿಯೇ ಗಾಯದ ನೀರು ಹೊರಹೋಗಲು ಇಟ್ಟ ಡ್ರೈನ್ ನಳಿಗೆಯ ಸುತ್ತ ಜಿನುಗಿದ ರಕ್ತನೀರು ಅಂಟಿಕೊಂಡು, ತೊಳೆದು ಒಣಗುವವರೆಗೆ ಹಾಕಿಕೊಳ್ಳಲು ಏನೂ ಇಲ್ಲದೆ, ನಮ್ಮವರು ರಾತ್ರಿ ಹೋಗಿ ಇನ್ನೊಂದನ್ನು ತಂದರು. ಒಂದಕ್ಕೆ 4,500ರಂತೆ ಎರಡಕ್ಕೆ 9,000 ರೂಪಾಯಿ ಎಂದು ನೀವು ಮೊದಲೇ ಬರೆದುಕೊಳ್ಳುವುದು ಒಳ್ಳೆಯದು.

ಡ್ರೈನ್ ತೆಗೆದ ಮೇಲೆ ಹೊಲಿಗೆಯ ಮೇಲ್ಭಾಗದಲ್ಲಿ ಚರ್ಮದಡಿ ನೀರು ತುಂಬಿಕೊಂಡಿತು. ಮಗ್ಗುಲು ಬದಲಿಸಿದರೆ ಒಳಗೆ ನೀರಿನ ಚೀಲ ಅಲ್ಲಾಡಿದ ಹಾಗೆ ಅನ್ನಿಸುತ್ತಿತ್ತು. ವೈದ್ಯರು ದೊಡ್ಡ ಸಿರಿಂಜಿನಿಂದ ಅದನ್ನು ಎಳೆದು ತೆಗೆದರು. ನೋವೇನೂ ಆಗಲಿಲ್ಲ, ಏಕೆಂದರೆ ಆ ಜಾಗಕ್ಕೆ ಆಗಿನ್ನೂ ಸ್ಪರ್ಶವೇ ಬಂದಿರಲಿಲ್ಲ. ಇದು ಬಹಳ ಮಂದಿಗೆ ಆಗುತ್ತದೆ, ಹೆದರಬೇಕಾದ್ದಲ್ಲ ಎಂದು ಹೇಳಿದರು. ಆದರೆ ಪ್ಯಾಕೇಜಿನಲ್ಲಿ ಮೊದಲ ಮೂರು ಭೇಟಿಗಳು ಮಾತ್ರ ಸೇರಿದ್ದುದರಿಂದ ಆನಂತರದ ನಾಲ್ಕು ಭೇಟಿಗೆ 800ರಂತೆ 3,200 ಕಟ್ಟಿದೆ. ತುಮಕೂರಿನಿಂದ ಬಸ್ಸಿನಲ್ಲಿ ಹೋಗುವ ಸ್ಥಿತಿ ಇರಲಿಲ್ಲ. ಏಳು ಸಲ ಕಾರು ಮಾಡಿಕೊಂಡು ಹೋಗಿ ಬಂದದ್ದಕ್ಕೆ, ಸಲಕ್ಕೆ 3,200ರಂತೆ, 22,400 ರೂಪಾಯಿ. ಆಸ್ಪತ್ರೆಯ ಯಾವ ಕಾಗದದಲ್ಲಿಯೂ ಬಾರದ ದೊಡ್ಡ ಖರ್ಚು ಇದು.

ಮೂರು ವಾರ ಅಡುಗೆ ಮತ್ತು ಮನೆಗೆಲಸಕ್ಕೆ ಬಂದವರಿಗೆ 12,000. ಕಲೆ ಮಾಯಲೆಂದು ಹಚ್ಚುವ ಜೆಲ್ ಮತ್ತು ಸಿಲಿಕೋನ್ ಪಟ್ಟಿಗೆ ಆರು ತಿಂಗಳಲ್ಲಿ 6,000. ರಜೆ ಮುಗಿದು ಸಂಬಳವಿಲ್ಲದೆ ಕಳೆದ 11 ದಿನಗಳಿಗೆ ಸುಮಾರು 19,000. ಎಲ್ಲವನ್ನೂ ಕೂಡಿದರೆ ಎಸ್ಟಿಮೇಟ್‌ನ ಮೇಲೆ 1,27,400, ಒಟ್ಟು 3,12,400 ರೂಪಾಯಿ. ನನಗೆ ಸೋಂಕಾಗಲಿಲ್ಲ, ಹೊಲಿಗೆ ಬಿಡಲಿಲ್ಲ. ಅಂದರೆ ಇದು ಎಲ್ಲವೂ ಸರಿಯಾಗಿ ನಡೆದವಳ ಲೆಕ್ಕ.

ಮಾಡಿಸಿಕೊಂಡದ್ದಕ್ಕೆ ಬೇಸರವಿಲ್ಲ. ಮೊದಲ ಹತ್ತು ದಿನ ಅಜ್ಜಿಯ ಹಾಗೆ ಬಾಗಿ ನಡೆದೆ, ಮಂಚದಲ್ಲಿ ಮೂರು ದಿಂಬಿಗೆ ಒರಗಿ ಮಲಗಿದೆ, ಆರು ವಾರ ಒಂದು ಬಿಂದಿಗೆ ನೀರನ್ನೂ ಎತ್ತಲಿಲ್ಲ. ನಿಮ್ಮ ಮಕ್ಕಳು ದೊಡ್ಡವರಾಗಿದ್ದರೆ ನಿಮಗೆ ನನಗಿಂತ ಸುಲಭವಾದೀತು.

---

ನಿವೃತ್ತ ಬಿಲ್ಲಿಂಗ್

ತುಮಕೂರಿನ ಸಹೋದರಿ ಕೊಟ್ಟಷ್ಟು ಸ್ಪಷ್ಟವಾದ ಲೆಕ್ಕವನ್ನು ನಾನು ಆಸ್ಪತ್ರೆಯ ಬಿಲ್ಲಿಂಗ್ ವಿಭಾಗದಲ್ಲಿ ಕಳೆದ ವರ್ಷಗಳಲ್ಲಿಯೂ ಹೆಚ್ಚು ನೋಡಿಲ್ಲ. ಕೌಂಟರಿನ ಒಳಗಡೆ ಕುಳಿತವರಿಗೆ ಕಾಣುವ ಕೆಲವು ಸಂಗತಿಗಳನ್ನು ಅದಕ್ಕೆ ಸೇರಿಸುತ್ತೇನೆ.

ಮೊದಲನೆಯದಾಗಿ, ಎಸ್ಟಿಮೇಟ್ ಮತ್ತು ಪ್ಯಾಕೇಜ್ ಒಂದೇ ಅಲ್ಲ. ಎಸ್ಟಿಮೇಟ್ ಎಂದರೆ ಅಂದಾಜು. ಥಿಯೇಟರ್ ಬಾಡಿಗೆಯನ್ನು ಗಂಟೆಯ ಲೆಕ್ಕದಲ್ಲಿ ಹಾಕುವ ಕಡೆ, ಮೂರು ಗಂಟೆಗೆ ಅಂದಾಜು ಮಾಡಿದ ಶಸ್ತ್ರಚಿಕಿತ್ಸೆ ನಾಲ್ಕೂವರೆ ಗಂಟೆ ಹಿಡಿದರೆ ಹೆಚ್ಚುವರಿ ಹಣ ನಿಮ್ಮದೇ. ಪ್ಯಾಕೇಜ್ ಎಂದರೆ ನಿಗದಿತ ಮೊತ್ತ, ಆದರೆ ಅದಕ್ಕೂ 'ಇಷ್ಟು ದಿನ, ಇಷ್ಟು ಔಷಧ, ಇಷ್ಟು ಭೇಟಿ' ಎಂಬ ಮಿತಿಗಳಿರುತ್ತವೆ. ಆದ್ದರಿಂದ ನೀವು ಪಡೆದ ಮೂರು ಕಾಗದಗಳಲ್ಲಿ ಯಾವುದು ಅಂದಾಜು, ಯಾವುದು ನಿಗದಿತ ಮೊತ್ತ ಎಂಬುದನ್ನು ಮೊದಲು ಕೇಳಿ ತಿಳಿದುಕೊಳ್ಳಬೇಕು. ಇನ್ನೊಂದು ಸೂಕ್ಷ್ಮವಿದೆ. ಅನೇಕ ದೊಡ್ಡ ಆಸ್ಪತ್ರೆಗಳಲ್ಲಿ ನೀವು ಜನರಲ್ ವಾರ್ಡ್ ಬಿಟ್ಟು ಸಿಂಗಲ್ ರೂಮ್ ತೆಗೆದುಕೊಂಡರೆ ಏರುವುದು ಕೊಠಡಿಯ ಬಾಡಿಗೆ ಮಾತ್ರವಲ್ಲ, ಅದೇ ಸರ್ಜನ್, ಅದೇ ಥಿಯೇಟರ್, ಅದೇ ಅರಿವಳಿಕೆಯ ದರವೂ ಏರುತ್ತದೆ. ನಿಮ್ಮ 2,40,000 ಯಾವ ಕೊಠಡಿಯ ದರ ಎಂದು ಕೇಳಿದಿರಾ?

ತೆರಿಗೆಯ ಬಗ್ಗೆ. ಸಾಮಾನ್ಯ ಚಿಕಿತ್ಸೆಗೆ ಜಿಎಸ್‌ಟಿ ವಿನಾಯಿತಿ ಇದೆ, ಸೌಂದರ್ಯಕ್ಕಾಗಿ ಮಾಡುವ ಪ್ಲಾಸ್ಟಿಕ್ ಸರ್ಜರಿಗೆ ಇಲ್ಲ. ಹುಟ್ಟಿನಿಂದ ಬಂದ ಊನ, ಬೆಳವಣಿಗೆಯ ದೋಷ, ಪೆಟ್ಟು ಅಥವಾ ಗಾಯದಿಂದ ಕೆಟ್ಟ ಅಂಗವನ್ನು ಸರಿಪಡಿಸುವುದಾದರೆ ಮಾತ್ರ ಆ ವಿನಾಯಿತಿ ಉಳಿಯುತ್ತದೆ. ತೂಕ ಇಳಿದು ಜೋತ ಚರ್ಮ ಆ ಪಟ್ಟಿಯಲ್ಲಿ ಹೆಸರಿನಿಂದ ಇಲ್ಲವಾದ್ದರಿಂದ ಶೇಕಡಾ 18 ಹಾಕುತ್ತಾರೆ ಎಂದೇ ಎಣಿಸಿಕೊಳ್ಳಿ. ಮೈಸೂರಿನ 1,65,000ಕ್ಕೆ ತೆರಿಗೆ ಸೇರಿಲ್ಲದಿದ್ದರೆ ಅದು 1,94,700 ಆಗುತ್ತದೆ. 'ಬಿಲ್ ಬೇಡವೆಂದರೆ ತೆರಿಗೆ ಉಳಿಯುತ್ತದೆ' ಎಂದು ಯಾರಾದರೂ ಹೇಳಿದರೆ ಅಲ್ಲಿಂದ ಎದ್ದು ಬನ್ನಿ. ವೈದ್ಯಕೀಯ ಸೇವೆಯೂ ಗ್ರಾಹಕ ಕಾನೂನಿನ ವ್ಯಾಪ್ತಿಗೆ ಬರುತ್ತದೆ ಎಂದು ಸುಪ್ರೀಂ ಕೋರ್ಟ್ 1995ರಲ್ಲಿಯೇ ಹೇಳಿದೆ, ಆದರೆ ಹಣ ಕೊಟ್ಟ ದಾಖಲೆಯೇ ಇಲ್ಲದವರು ಗ್ರಾಹಕರ ಆಯೋಗದ ಮುಂದೆ ಏನನ್ನು ತೋರಿಸುತ್ತಾರೆ?

ವಿಮೆಯ ವಿಷಯದಲ್ಲಿ ನಿಮಗೆ ಹೆಚ್ಚು ಆಸೆ ಹುಟ್ಟಿಸಲಾರೆ. ಬೇರಿಯಾಟ್ರಿಕ್ ಶಸ್ತ್ರಚಿಕಿತ್ಸೆಗೆ ವಿಮಾ ನಿಯಂತ್ರಣ ಸಂಸ್ಥೆಯಾದ ಐಆರ್‌ಡಿಎಐ ಗೊತ್ತುಪಡಿಸಿದ ಪ್ರಮಾಣಿತ ನಿಯಮದಲ್ಲಿ ದಾರಿ ಇದೆ: ಬಿಎಂಐ (ಎತ್ತರಕ್ಕೆ ತಕ್ಕ ತೂಕದ ಸೂಚ್ಯಂಕ) 40 ಅಥವಾ ಹೆಚ್ಚಿರಬೇಕು, ಇಲ್ಲವೇ 35 ಅಥವಾ ಹೆಚ್ಚಿದ್ದು ಹತೋಟಿಗೆ ಬಾರದ ಸಕ್ಕರೆ ಕಾಯಿಲೆಯಂತಹ ಗಂಭೀರ ತೊಂದರೆ ಇರಬೇಕು. ಆ ದಾರಿಯಲ್ಲಿ ನಿಮಗೆ ಹಣ ಬಂದಿತು. ಸೌಂದರ್ಯ ಶಸ್ತ್ರಚಿಕಿತ್ಸೆಗೆ ಇರುವ ನಿಯಮ ಬೇರೆ. ಅಪಘಾತ, ಸುಟ್ಟಗಾಯ ಅಥವಾ ಕ್ಯಾನ್ಸರ್ ನಂತರದ ಮರುನಿರ್ಮಾಣ, ಇಲ್ಲವೇ ಆರೋಗ್ಯಕ್ಕೆ ನೇರವಾದ ಮತ್ತು ತಕ್ಷಣದ ಅಪಾಯವನ್ನು ನಿವಾರಿಸುವ ಚಿಕಿತ್ಸೆ, ಇವಿಷ್ಟನ್ನು ಬಿಟ್ಟು ಉಳಿದದ್ದೆಲ್ಲವೂ ಪಾಲಿಸಿಯ ಹೊರಗೆ. ಬೆವರಿನ ಹುಣ್ಣು 'ತಕ್ಷಣದ ಅಪಾಯ' ಎಂದು ಒಪ್ಪಿಸುವುದು ಕಷ್ಟ. ಚರ್ಮವೈದ್ಯರ ಬಳಿ ಹಲವು ತಿಂಗಳು ಚಿಕಿತ್ಸೆ ಪಡೆದ ಚೀಟಿಗಳಿದ್ದರೆ ಕಂಪನಿಗೆ ಮೊದಲೇ ಬರೆದು ಕೇಳಿ. ಕೇಳುವುದಕ್ಕೆ ಖರ್ಚಿಲ್ಲ, ತಿರಸ್ಕರಿಸಿದರೆ ಬೆಂಗಳೂರಿನ ವಿಮಾ ಒಂಬುಡ್ಸ್‌ಮನ್ ಕಚೇರಿಗೆ ಶುಲ್ಕವಿಲ್ಲದೆ ದೂರು ಕೊಡಬಹುದು.

ಸ್ಕ್ಯಾನಿಂಗ್‌ನಲ್ಲಿ ಹೊಕ್ಕುಳ ಹರ್ನಿಯಾ ಕಂಡುಬಂದರೆ ಆ ಭಾಗದ ಖರ್ಚಿಗೆ ವಿಮೆ ಸಿಗಬಹುದು, ಆದರೆ ಆಗ ಎರಡು ಬಿಲ್ಲುಗಳನ್ನು ಪ್ರತ್ಯೇಕವಾಗಿ ಮಾಡಿಸಬೇಕು. ಇಲ್ಲದ ಹರ್ನಿಯಾವನ್ನು ಕಾಗದದಲ್ಲಿ ಹುಟ್ಟಿಸುವ 'ಸಹಾಯ'ವನ್ನು ಯಾರಾದರೂ ಮಾಡಲು ಬಂದರೆ ಒಪ್ಪಬೇಡಿ. ಅದು ವಂಚನೆ, ಸಿಕ್ಕಿಬಿದ್ದರೆ ಸಕ್ಕರೆ ಕಾಯಿಲೆ ಇರುವ ನೀವು ಇರುವ ಪಾಲಿಸಿಯನ್ನೂ ಕಳೆದುಕೊಳ್ಳುತ್ತೀರಿ.

ಎಲ್ಲಕ್ಕಿಂತ ಮುಖ್ಯವಾದದ್ದು ಎರಡನೆಯ ಸಲದ ಖರ್ಚು. ರಕ್ತ ಹೆಪ್ಪುಗಟ್ಟಿ ಮತ್ತೆ ಥಿಯೇಟರಿಗೆ ಒಯ್ಯಬೇಕಾದರೆ, ಹೊಲಿಗೆ ಬಿಟ್ಟರೆ, ಕಲೆ ಒಂದು ಕಡೆ ಮೇಲೆ ಒಂದು ಕಡೆ ಕೆಳಗೆ ಆಗಿ ಸರಿಪಡಿಸಬೇಕಾದರೆ, ಹಣ ಕೊಡುವವರು ಯಾರು? ಸರ್ಜನ್ ತಮ್ಮ ಶುಲ್ಕ ಬಿಟ್ಟರೂ ಆಸ್ಪತ್ರೆ ಥಿಯೇಟರ್ ಬಾಡಿಗೆಯನ್ನು ಬಿಡುವುದಿಲ್ಲ. ವಿಮಾ ಕಂಪನಿಯಾದರೋ, ಹೊರಗಿಟ್ಟ ಚಿಕಿತ್ಸೆಯಿಂದ ಹುಟ್ಟಿದ ತೊಂದರೆ ಇದು ಎಂದು ಕೈಕಟ್ಟಿ ಕುಳಿತುಕೊಳ್ಳಬಹುದು. ಈ ಒಂದು ಪ್ರಶ್ನೆಗೆ ಮೂರೂ ಕಡೆಯಿಂದ ಲಿಖಿತ ಉತ್ತರ ತೆಗೆದುಕೊಳ್ಳಿ. ಬಾಯಿಮಾತಿನಲ್ಲಿ ಎಲ್ಲರೂ ಉದಾರಿಗಳೇ. ಅಂದಹಾಗೆ, ನಮ್ಮ ರಾಜ್ಯದಲ್ಲಿ ಕೆಪಿಎಂಇ ಎಂದು ಕರೆಯುವ 2007ರ ಖಾಸಗಿ ವೈದ್ಯಕೀಯ ಸಂಸ್ಥೆಗಳ ಕಾಯ್ದೆಯ ಪ್ರಕಾರ ಪ್ರತಿ ಆಸ್ಪತ್ರೆ, ಕ್ಲಿನಿಕ್ ನೋಂದಣಿ ಪತ್ರವನ್ನೂ ದರಪಟ್ಟಿಯನ್ನೂ ಕಾಣುವಂತೆ ಹಾಕಬೇಕು. ಆ ಕ್ಲಿನಿಕ್‌ಗೆ ಮತ್ತೆ ಹೋದರೆ ಗೋಡೆಯ ಮೇಲೆ ಇದೆಯೇ ಎಂದು ನೋಡಿ.

---

ನಿದ್ದೆ ಡಾಕ್ಟರ್

ನಾನು ಅರಿವಳಿಕೆ ತಜ್ಞ. ಮೂರು ದರಗಳನ್ನು ಹೋಲಿಸುವ ಮೊದಲು ಮೂರೂ ಒಂದೇ ಶಸ್ತ್ರಚಿಕಿತ್ಸೆಯ ದರಗಳೇ ಎಂಬ ಅನುಮಾನ ನನಗಿದೆ. ಟೀಚರ್, ಕ್ಲಿನಿಕ್‌ನ ಕಾಗದದಲ್ಲಿ ಶಸ್ತ್ರಚಿಕಿತ್ಸೆಯ ಹೆಸರು ಏನೆಂದು ಬರೆದಿದೆ, ದಯವಿಟ್ಟು ನೋಡಿ ಹೇಳಿ.

ಏಕೆ ಕೇಳುತ್ತಿದ್ದೇನೆ ಎಂದರೆ, ಲೈಪೊಸಕ್ಷನ್ ಮತ್ತು ಅಬ್ಡಾಮಿನೋಪ್ಲಾಸ್ಟಿ ಎಂಬ ಟಮ್ಮಿ ಟಕ್ ಬೇರೆ ಬೇರೆ. ಲೈಪೊಸಕ್ಷನ್‌ನಲ್ಲಿ ಸಣ್ಣ ರಂಧ್ರದ ಮೂಲಕ ನಳಿಗೆ ಇಳಿಸಿ ಕೊಬ್ಬನ್ನು ಹೀರುತ್ತಾರೆ, ಚರ್ಮವನ್ನು ಕತ್ತರಿಸುವುದಿಲ್ಲ. ಟಮ್ಮಿ ಟಕ್‌ನಲ್ಲಿ ಕೆಳಹೊಟ್ಟೆಯ ಅಡ್ಡಕ್ಕೆ ಸೊಂಟದಿಂದ ಸೊಂಟದವರೆಗೆ ಕೊಯ್ದು, ಹೆಚ್ಚಾದ ಚರ್ಮವನ್ನು ತೆಗೆದು, ಸಡಿಲಗೊಂಡ ಸ್ನಾಯುವನ್ನು ಹೊಲಿದು, ಹೊಕ್ಕುಳನ್ನು ಹೊಸ ಜಾಗದಲ್ಲಿ ಕೂಡಿಸುತ್ತಾರೆ. ನಿಮ್ಮದು ಚರ್ಮದ ತೊಂದರೆ. ಜೋತ ಚರ್ಮದ ಒಳಗಿನ ಕೊಬ್ಬನ್ನು ಹೀರಿದರೆ ಗಾಳಿ ಬಿಟ್ಟ ಬಲೂನಿನ ಹಾಗೆ ಚರ್ಮ ಇನ್ನಷ್ಟು ಜೋಲುತ್ತದೆ, ಬೆವರಿನ ಮಡಿಕೆ ಹಾಗೆಯೇ ಉಳಿಯುತ್ತದೆ. ಆಮೇಲೆ ಟಮ್ಮಿ ಟಕ್ ಮಾಡಿಸಲೇಬೇಕಾಗಿ ಬಂದು ಎರಡು ಖರ್ಚು ತಲೆಗೆ ಬರುತ್ತದೆ.

ಕಡಿಮೆ ದರ ಎಂದರೆ ಮೋಸ ಎಂದು ನಾನು ಹೇಳುವುದಿಲ್ಲ, ಮೈಸೂರಿನ ಬಾಡಿಗೆಯೂ ಬೆಂಗಳೂರಿನ ಬಾಡಿಗೆಯೂ ಒಂದೇ ಅಲ್ಲವಲ್ಲ. ಆದರೆ ಯಾವುದನ್ನು ಬಿಟ್ಟು ದರ ಇಳಿಸಿದ್ದಾರೆ ಎಂದು ನೋಡಬೇಕು. ಅಮೆರಿಕದ ಚರ್ಮತಜ್ಞ ಜೆಫ್ರಿ ಕ್ಲೈನ್ 1980ರ ದಶಕದಲ್ಲಿ ಉಪ್ಪುನೀರಿಗೆ ಮರಗಟ್ಟಿಸುವ ಲಿಡೋಕೇನ್ ಮತ್ತು ರಕ್ತನಾಳ ಕುಗ್ಗಿಸುವ ಅಡ್ರಿನಲಿನ್ ಬೆರೆಸಿ ಚರ್ಮದಡಿ ತುಂಬುವ ವಿಧಾನವನ್ನು ರೂಪಿಸಿದ ಮೇಲೆ, ಪೂರ್ಣ ಅರಿವಳಿಕೆ ಇಲ್ಲದೆ, ರಕ್ತಸ್ರಾವ ಕಡಿಮೆಯಾಗಿ, ಸಣ್ಣ ಪ್ರಮಾಣದ ಲೈಪೊಸಕ್ಷನ್ ಕ್ಲಿನಿಕ್‌ಗಳಲ್ಲಿ ಸಾಧ್ಯವಾಯಿತು. ಅದು ಒಳ್ಳೆಯ ವಿಧಾನವೇ. ಆದರೆ ಲಿಡೋಕೇನ್‌ಗೆ ದೇಹತೂಕದ ಲೆಕ್ಕದಲ್ಲಿ ಮಿತಿ ಇದೆ, ಹೀರಿ ತೆಗೆಯುವ ಪ್ರಮಾಣ ಒಟ್ಟು 5 ಲೀಟರ್ ದಾಟಿದರೆ ರಾತ್ರಿಯಿಡೀ ನಿಗಾ ಇಡಬಲ್ಲ ಆಸ್ಪತ್ರೆಯಲ್ಲಿಯೇ ಮಾಡಬೇಕು ಎಂಬುದು ಒಪ್ಪಿತವಾದ ನಿಯಮ. ಹಗಲು ಮಾತ್ರ ತೆರೆದಿರುವ ಕಟ್ಟಡದಲ್ಲಿ, ದಿನಗೂಲಿಗೆ ಬಂದು ಹೋಗುವ ಅರಿವಳಿಕೆ ತಜ್ಞರನ್ನು ನೆಚ್ಚಿಕೊಂಡು, ಐಸಿಯು ಇಲ್ಲದೆ ದೊಡ್ಡ ಕೆಲಸಕ್ಕೆ ಕೈಹಾಕುವವರ ದರ ಕಡಿಮೆಯಾಗಿಯೇ ಇರುತ್ತದೆ. 2022ರ ಮೇ ತಿಂಗಳಿನಲ್ಲಿ ಬೆಂಗಳೂರಿನಲ್ಲಿ ಕೊಬ್ಬು ತೆಗೆಸುವ ಶಸ್ತ್ರಚಿಕಿತ್ಸೆಯ ನಂತರ 21 ವರ್ಷದ ಕಿರುತೆರೆ ನಟಿಯೊಬ್ಬರು ತೀರಿಕೊಂಡದ್ದು ಇಲ್ಲಿ ಬಹಳ ಮಂದಿಗೆ ನೆನಪಿರಬಹುದು.

ಆದ್ದರಿಂದ ಕೇಳಿ: ಸರ್ಜನ್ ಪ್ಲಾಸ್ಟಿಕ್ ಸರ್ಜರಿಯಲ್ಲಿ ಎಂಸಿಎಚ್ ಅಥವಾ ಡಿಎನ್‌ಬಿ ಎಂಬ ತಜ್ಞ ಪದವಿ ಪಡೆದವರೇ, ಅರಿವಳಿಕೆ ಕೊಡುವವರು ಯಾರು, ಅವರು ಎಷ್ಟು ಹೊತ್ತು ಅಲ್ಲಿರುತ್ತಾರೆ, ಐಸಿಯು ಅದೇ ಕಟ್ಟಡದಲ್ಲಿದೆಯೇ. ಐಸಿಯುಗೆ ಹೋಗಬೇಕಾದರೆ ದಿನಕ್ಕೆ ಎಷ್ಟು ಎಂಬುದನ್ನೂ ಕೇಳಿ, ಆ ಅಂಕಿ ಎಸ್ಟಿಮೇಟ್‌ನಲ್ಲಿ ಸಾಮಾನ್ಯವಾಗಿ ಇರುವುದಿಲ್ಲ.

ನಿಮ್ಮ ಬೇರಿಯಾಟ್ರಿಕ್ ಹಿನ್ನೆಲೆಯಿಂದಾಗಿ ಇನ್ನೊಂದು ಖರ್ಚು ಇದೆ. ಅದಾದ ಮೇಲೆ ಕಬ್ಬಿಣಾಂಶ, ಬಿ12, ಪ್ರೋಟೀನ್ ಕಡಿಮೆಯಾಗಿರುವುದು ಸಾಮಾನ್ಯ. ಹಿಮೋಗ್ಲೋಬಿನ್ 9 ಇದ್ದರೆ ಒಳ್ಳೆಯ ಸರ್ಜನ್ ದಿನಾಂಕ ಕೊಡುವುದಿಲ್ಲ. ಮೊದಲು ಅದನ್ನು ಸರಿಮಾಡಿಕೊಳ್ಳಿ ಎಂದು ಎರಡು ಮೂರು ತಿಂಗಳು ಮುಂದೂಡುತ್ತಾರೆ, ಸಕ್ಕರೆಯ ಹತೋಟಿಯನ್ನೂ ನೋಡುತ್ತಾರೆ. ಮುಂಗಡ ಕಟ್ಟಿದ ಮೇಲೆ ಈ ಸಂಗತಿ ಹೊರಬಿದ್ದರೆ ಮುಂಗಡ ವಾಪಸು ಬರುತ್ತದೆಯೇ? ಹಾಗಾಗಿ ರಕ್ತಪರೀಕ್ಷೆ ಮೊದಲು, ಮುಂಗಡ ಆಮೇಲೆ. ತೂಕ ಎಂಟು ತಿಂಗಳಿನಿಂದ ನಿಂತಿರುವುದು ಒಳ್ಳೆಯ ಲಕ್ಷಣ, ಕನಿಷ್ಠ ಆರು ತಿಂಗಳು ಸ್ಥಿರವಾಗಿರಬೇಕು ಎಂದು ಎಲ್ಲರೂ ಕೇಳುತ್ತಾರೆ.

---

ಮೈಸೂರು ಟೀಚರ್

ಡಾಕ್ಟರ್, ಈಗಷ್ಟೇ ಕಾಗದ ತೆಗೆದು ನೋಡಿದೆ. ಮೈಸೂರಿನದರಲ್ಲಿ ಮತ್ತು ದೊಡ್ಡ ಆಸ್ಪತ್ರೆಯದರಲ್ಲಿ 'ಅಬ್ಡಾಮಿನೋಪ್ಲಾಸ್ಟಿ' ಎಂದಿದೆ. ಕ್ಲಿನಿಕ್‌ನದರಲ್ಲಿ 'ಲೈಪೊ 360, ಚರ್ಮ ಬಿಗಿಗೊಳಿಸುವಿಕೆ ಸಹಿತ' ಎಂದಿದೆ. ನಾನು ಅಲ್ಲಿ ಟಮ್ಮಿ ಟಕ್ ಎಂದೇ ಕೇಳಿದ್ದೆ, ಅವರೂ ಮಾತಿನಲ್ಲಿ ಟಮ್ಮಿ ಟಕ್ ಎಂದೇ ಹೇಳಿದ್ದರು. ನನ್ನನ್ನು ಪರೀಕ್ಷಿಸಿದವರು ಸರ್ಜನ್ ಅಲ್ಲ, 'ಕೌನ್ಸೆಲರ್' ಎಂಬ ಹುಡುಗಿ ಎಂಬುದೂ ಈಗ ನೆನಪಾಗುತ್ತಿದೆ.

---

ನಿದ್ದೆ ಡಾಕ್ಟರ್

'ಲೈಪೊ' ಎಂದರೆ ಲೈಪೊಸಕ್ಷನ್, ಟಮ್ಮಿ ಟಕ್ ಅಲ್ಲ. ಹಾಗಾದರೆ ನಿಮ್ಮ ಮುಂದೆ ಇರುವುದು ಎರಡೇ ದರಗಳು. ಯಂತ್ರದಿಂದ ಚರ್ಮ ಬಿಗಿಗೊಳಿಸುವುದು ಅಲ್ಪಸ್ವಲ್ಪ ಸಡಿಲವಿದ್ದವರಿಗೆ ಸರಿ. 37 ಕಿಲೋ ಇಳಿಸಿದ ಹೊಟ್ಟೆಯಲ್ಲಿ ನೇತಾಡುವ ಮಡಿಕೆ ಅದರಿಂದ ಹೋಗುವುದಿಲ್ಲ.

---

ಜರ್ಸಿ ಕನ್ನಡತಿ

ಇದು ನೇರವಾಗಿ ಟೀಚರ್ ಅವರ ಪ್ರಶ್ನೆಗೆ ಉತ್ತರವಲ್ಲ, ಆದರೆ ಊರಿಗೆ ಬಂದು ಮಾಡಿಸಿಕೊಳ್ಳುವ ಯೋಚನೆಯಲ್ಲಿರುವವರು ಇಲ್ಲಿ ಓದುತ್ತಿರಬಹುದು. ನ್ಯೂಜೆರ್ಸಿಯಲ್ಲಿ ನನಗೂ ಇದೇ ಅನುಭವ: ಜಾಲತಾಣಗಳಲ್ಲಿ ಕಾಣುವ 'ಸರಾಸರಿ ದರ' ಸರ್ಜನ್ ಅವರ ಶುಲ್ಕ ಮಾತ್ರ, ಅರಿವಳಿಕೆ ಮತ್ತು ಥಿಯೇಟರ್ ಅದರಲ್ಲಿ ಇರುವುದಿಲ್ಲ. ಚಿಕಿತ್ಸೆಯ ಖರ್ಚಿಗೆಂದು ಇಡುವ, ತೆರಿಗೆ ಉಳಿಸುವ ಎಚ್‌ಎಸ್‌ಎ ಖಾತೆಯ ಹಣವನ್ನೂ ಕೇವಲ ಸೌಂದರ್ಯದ ಶಸ್ತ್ರಚಿಕಿತ್ಸೆಗೆ ಬಳಸುವಂತಿಲ್ಲ. ಹಾಗಾಗಿ ಡಾಲರಿನಿಂದ ಭಾಗಿಸಿ ನೋಡಿದಾಗ ಬೆಂಗಳೂರಿನ ದರ ಬಹಳ ಅಗ್ಗವಾಗಿ ಕಂಡಿತು.

ಆಮೇಲೆ ಉಳಿದದ್ದನ್ನು ಕೂಡಿದೆ. ಶಸ್ತ್ರಚಿಕಿತ್ಸೆಯಾದ ಕೂಡಲೇ ಇಪ್ಪತ್ತು ಗಂಟೆಯ ವಿಮಾನ ಪ್ರಯಾಣ ಮಾಡಿದರೆ ಕಾಲಿನಲ್ಲಿ ರಕ್ತ ಹೆಪ್ಪುಗಟ್ಟುವ ಅಪಾಯ ಇರುವುದರಿಂದ ಹಲವು ವಾರ ಅಲ್ಲಿಯೇ ಉಳಿಯಬೇಕು. ನನ್ನ ಅಕ್ಕನ ಮನೆ ಜಯನಗರದಲ್ಲಿದೆ, ಆದ್ದರಿಂದ ಊಟ ವಸತಿಯ ಚಿಂತೆ ಇಲ್ಲ, ಆದರೆ ನನ್ನ ವರ್ಷದ ರಜೆ ಪೂರ್ತಿ ಹೋಗುತ್ತದೆ. ಮರಳಿದ ಮೇಲೆ ಹೊಲಿಗೆ ಕೀವಾದರೆ ಬೇರೊಬ್ಬರು ಮಾಡಿದ ಕೆಲಸವನ್ನು ಇಲ್ಲಿನ ಸರ್ಜನ್ ಕೈಗೆತ್ತಿಕೊಳ್ಳುವುದು ಸುಲಭವಲ್ಲ, ತುರ್ತು ವಿಭಾಗಕ್ಕೆ ಒಂದು ಸಲ ಹೋದರೆ ಉಳಿಸಿದ ಹಣದ ಬಹುಪಾಲು ಅಲ್ಲಿಯೇ ಕರಗುತ್ತದೆ. ನಾನು ಸದ್ಯಕ್ಕೆ ಕೈಬಿಟ್ಟಿದ್ದೇನೆ. ಅಕ್ಕ ಮಾತ್ರ 'ಮೊದಲು ಬಾ, ಆಮೇಲೆ ನೋಡೋಣ' ಎನ್ನುತ್ತಿದ್ದಾಳೆ.

---

ಲೆಕ್ಕದ ಮೇಷ್ಟ್ರು

ಟೀಚರ್ ಸಾಲದ ಮಾತೆತ್ತಿಲ್ಲ, ಆದರೆ ಒಂದೂವರೆ ಲಕ್ಷ ಕೈಯಲ್ಲಿಟ್ಟುಕೊಂಡು ಹೋದವರಿಗೆ ಆಸ್ಪತ್ರೆಯವರೇ 'ಬಡ್ಡಿಯಿಲ್ಲದ ಇಎಂಐ' ಎಂದು ಮಾತು ಆರಂಭಿಸುತ್ತಾರೆ. ನನ್ನ ತಂಗಿಗೆ ಬಂದ ಕೊಡುಗೆಯನ್ನು ಬಿಡಿಸಿ ತೋರಿಸುತ್ತೇನೆ. ಒಮ್ಮೆಗೇ ಕಟ್ಟಿದರೆ 1,85,000, ಇಎಂಐ ಆದರೆ 12 ತಿಂಗಳಿಗೆ ತಿಂಗಳಿಗೆ 16,667ರಂತೆ 2,00,000. 'ನೋಡಿ ಮೇಡಂ, ಎರಡು ಲಕ್ಷಕ್ಕೆ ಬಡ್ಡಿಯೇ ಇಲ್ಲ' ಎಂದರು. ಇಎಂಐ ಆದರೆ ಕೈತಪ್ಪುವ ರಿಯಾಯಿತಿಯೇ ಇಲ್ಲಿ ಬಡ್ಡಿ: 15,000 ರೂಪಾಯಿ. ಪ್ರತಿ ತಿಂಗಳೂ ಅಸಲು ಕರಗುತ್ತಾ ಹೋಗುವುದರಿಂದ ಇದು ವರ್ಷಕ್ಕೆ ಶೇಕಡಾ 8 ಅಲ್ಲ, 15ರ ಸಮೀಪ. ಇದರ ಮೇಲೆ ಸಂಸ್ಕರಣಾ ಶುಲ್ಕ ಶೇಕಡಾ 2, ಅಂದರೆ 4,000, ಅದಕ್ಕೆ ಜಿಎಸ್‌ಟಿ 720. ಈ 4,720 ಮೊದಲ ದಿನವೇ ಕೈಬಿಡುವುದರಿಂದ ನಿಜವಾದ ದರ ಶೇಕಡಾ 20ಕ್ಕೆ ಹತ್ತಿರ ಹೋಗುತ್ತದೆ. ಶೂನ್ಯ ಬಡ್ಡಿ ಎಂಬುದೇ ಇಲ್ಲ ಎಂದು ರಿಸರ್ವ್ ಬ್ಯಾಂಕ್ 2013ರಲ್ಲಿಯೇ ಬ್ಯಾಂಕುಗಳಿಗೆ ಹೇಳಿತ್ತು.

2024ರ ಅಕ್ಟೋಬರ್ 1ರಿಂದ ಇಂತಹ ಚಿಲ್ಲರೆ ಸಾಲಗಳಿಗೆಲ್ಲ ಮುಖ್ಯಾಂಶಗಳ ಪತ್ರವನ್ನು ಸಾಲ ಕೊಡುವವರು ಮೊದಲೇ ಕೊಡಬೇಕು. ಅದರಲ್ಲಿ ಎಲ್ಲ ಶುಲ್ಕವೂ ಸೇರಿದ ವಾರ್ಷಿಕ ದರ ಒಂದೇ ಅಂಕಿಯಾಗಿ ಇರುತ್ತದೆ. ಅದೊಂದು ಸಾಲನ್ನು ಓದಿದರೆ ಸಾಕು. ಸಹಕಾರ ಸಂಘದಲ್ಲಿಯೋ ಪಿಎಫ್‌ನಲ್ಲಿಯೋ ಸಾಲ ಸಿಗುವಂತಿದ್ದರೆ ಆ ದರದೊಂದಿಗೆ ಹೋಲಿಸಿ. ಇನ್ನೊಂದು ಮಾತು: ಶಸ್ತ್ರಚಿಕಿತ್ಸೆ ಮುಂದೂಡಲ್ಪಟ್ಟರೂ ಸಾಲದ ಕಂತು ಮುಂದೂಡಲ್ಪಡುವುದಿಲ್ಲ. ಆಸ್ಪತ್ರೆ ಹಣ ಹಿಂದಿರುಗಿಸುವವರೆಗೆ ಕಂತು ನಿಮ್ಮದೇ.

---

ತುಮಕೂರಿನವಳು

ಒಂದನ್ನು ಬರೆಯುವುದು ಮರೆತಿದ್ದೆ, ಟೀಚರ್. ಶಾಲೆಗೆ ರಜೆ ಎಂದು ಏಪ್ರಿಲ್ ಮೇ ತಿಂಗಳನ್ನು ಆರಿಸಿಕೊಳ್ಳಬೇಡಿ. ನಾನು ಹಾಗೆಯೇ ಮಾಡಿದೆ. ಆ ಬೆಲ್ಟಿನೊಳಗೆ ಬೇಸಿಗೆಯ ಸೆಕೆಯನ್ನು ಅನುಭವಿಸಿದವರಿಗೇ ಗೊತ್ತು. ಬೆವರಿನ ಗುಳ್ಳೆಯನ್ನು ಹೋಗಲಾಡಿಸಲು ಮಾಡಿಸಿಕೊಂಡ ಆಪರೇಷನ್, ಮೊದಲ ತಿಂಗಳಲ್ಲಿ ಕೊಟ್ಟದ್ದು ಬೆವರಿನ ಗುಳ್ಳೆಯನ್ನೇ.

---

ಮೈಸೂರು ಟೀಚರ್

ಎಲ್ಲರಿಗೂ ಋಣಿ. ಮೂರು ವಾರಗಳ ನಂತರ ಬರೆಯುತ್ತಿದ್ದೇನೆ, ನೀವು ಹೇಳಿಕೊಟ್ಟ ಪ್ರಶ್ನೆಗಳನ್ನೆಲ್ಲ ಒಂದು ಹಾಳೆಯಲ್ಲಿ ಬರೆದುಕೊಂಡು ಎರಡೂ ಆಸ್ಪತ್ರೆಗಳಿಗೆ ಹೋಗಿ ಬಂದೆ. ಕ್ಲಿನಿಕ್‌ಗೆ ಹೋಗಲಿಲ್ಲ. ತಿಂಗಳ ಕೊನೆ ಕಳೆದ ಮೇಲೂ ಅದೇ ದರಕ್ಕೆ ಫೋನ್ ಬರುತ್ತಲೇ ಇದೆ.

ಬೆಂಗಳೂರಿನ 2,40,000 ಸಿಂಗಲ್ ರೂಮಿನ ದರವಾಗಿತ್ತು. ಇಬ್ಬರು ಹಂಚಿಕೊಳ್ಳುವ ಕೊಠಡಿಗೆ 2,05,000 ಎಂದರು, ತೆರಿಗೆ ಪ್ರತ್ಯೇಕ. ಎರಡನೆಯ ಸಲ ಥಿಯೇಟರಿಗೆ ಹೋಗಬೇಕಾದರೆ ಯಾರ ಖರ್ಚು ಎಂದು ಬರೆದುಕೊಡಿ ಎಂದಾಗ, ಅಂತಹ ಪದ್ಧತಿ ತಮ್ಮಲ್ಲಿ ಇಲ್ಲ ಎಂದು ಕೌಂಟರಿನವರು ನಯವಾಗಿಯೇ ಹೇಳಿದರು.

ಮೈಸೂರಿನ 1,65,000ಕ್ಕೂ ತೆರಿಗೆ ಪ್ರತ್ಯೇಕವಾಗಿತ್ತು, ಬಿಲ್ಲಿಂಗ್ ಸರ್ ಹೇಳಿದಂತೆ 1,94,700. ಎರಡು ರಾತ್ರಿಯ ವಾರ್ಡ್ ಮತ್ತು ಎರಡು ತಿಂಗಳ ಎಲ್ಲ ಭೇಟಿಗಳೂ ಅದರಲ್ಲಿ ಸೇರಿವೆ. ನಾನು ಕೇಳಿದ ಪ್ರಶ್ನೆಯನ್ನು ಓದಿ ಸರ್ಜನ್ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಪೆನ್ನು ತೆಗೆದು ಎಸ್ಟಿಮೇಟ್‌ನ ಅಂಚಿನಲ್ಲಿಯೇ ಬರೆದರು: ನೀರು ತುಂಬಿದರೆ ತೆಗೆಯಲು ಶುಲ್ಕವಿಲ್ಲ. ಆರು ತಿಂಗಳೊಳಗೆ ಮತ್ತೆ ಶಸ್ತ್ರಚಿಕಿತ್ಸೆ ಬೇಕಾದರೆ ಸರ್ಜನ್ ಶುಲ್ಕವಿಲ್ಲ, ಥಿಯೇಟರ್, ಅರಿವಳಿಕೆ ಮತ್ತು ಔಷಧದ ಖರ್ಚು ರೋಗಿಯದು. ಕೆಳಗೆ ಸಹಿ, ತಾರೀಖು. ಐಸಿಯು ಅದೇ ಕಟ್ಟಡದ ಎರಡನೆಯ ಮಹಡಿಯಲ್ಲಿದೆ, ನೋಡಿಕೊಂಡು ಬಂದೆ.

ಹಿಮೋಗ್ಲೋಬಿನ್ 9.4 ಬಂದಿದೆ. ನಿದ್ದೆ ಡಾಕ್ಟರ್ ಹೇಳಿದ ಹಾಗೆಯೇ ಸರ್ಜನ್ ದಿನಾಂಕ ಕೊಡಲಿಲ್ಲ, ಕಬ್ಬಿಣಾಂಶದ ಇಂಜೆಕ್ಷನ್ ಕೊಟ್ಟು ಎರಡು ತಿಂಗಳು ಬಿಟ್ಟು ಬನ್ನಿ ಎಂದಿದ್ದಾರೆ. ಆಗ ಚೀಟಿಯ ಹಣವೂ ಬಂದಿರುತ್ತದೆ. ದಸರಾ ರಜೆಗೆ ಉಳಿದ ಗಳಿಕೆ ರಜೆಯನ್ನು ಸೇರಿಸಿದರೆ ನಾಲ್ಕು ವಾರ ಸಿಗುತ್ತದೆ, ಸಂಬಳವೂ ಕಡಿತವಾಗುವುದಿಲ್ಲ. ಮನೆಯಿಂದ ಆಸ್ಪತ್ರೆಗೆ ಆಟೋದಲ್ಲಿ ಇಪ್ಪತ್ತು ನಿಮಿಷ, ಆದರೆ ಜಂಬೂ ಸವಾರಿಯ ದಿನ ಡ್ರೆಸ್ಸಿಂಗ್‌ಗೆ ಬರಹೇಳಬೇಡಿ ಎಂದು ಈಗಲೇ ಹೇಳಿಟ್ಟಿದ್ದೇನೆ. ಬೆಲ್ಟ್ ಎರಡು, ಇಂಜೆಕ್ಷನ್, ಕೆಲಸದವರು ಎಲ್ಲ ಸೇರಿ ನನ್ನ ಲೆಕ್ಕ 2,46,000ಕ್ಕೆ ಬಂದು ನಿಂತಿದೆ. ಎರಡನೆಯ ಸಲಕ್ಕೆಂದು 60,000 ರೂಪಾಯಿಯನ್ನು ಬೇರೆ ಖಾತೆಯಲ್ಲಿ ಇಡುತ್ತಿದ್ದೇನೆ. ಅದು ಖರ್ಚಾಗದೆ ಉಳಿದರೆ ಮಗಳ ಪಿಯುಸಿ ಶುಲ್ಕಕ್ಕೆ ಹೋಗುತ್ತದೆ.